ಒಪ್ಪಿಗೆಯಾದ ಮುಖ

ಹಳೆಯ ಫೋನುಗಳಲ್ಲಿ ಆ್ಯಪ್‌ನ ಚಿತ್ರಗಳು ಸರಿಯಾಗಿ ಮೂಡುತ್ತವೆಯೇ ಎಂದು ನೋಡುವುದೇ ಹನ್ನೊಂದು ವರ್ಷಗಳಿಂದ ಫೋನಕ್ಕನ ಕೆಲಸ. ಬ್ಯಾಟರಿ ಉಬ್ಬಿ, ಯಾರದೋ ಬೆವರಿನ ಜಿಡ್ಡು ಮೆತ್ತಿದ ಹದಿನಾಲ್ಕು ಫೋನುಗಳೆಂದರೆ ಅವಳಿಗೆ ಹೇಸಿಗೆ. ಮ್ಯಾನೇಜರನೆಂದರೆ ಇನ್ನೂ ಹೇಸಿಗೆ.

ಹೊಸ ಟೆಸ್ಟಿಂಗ್ ಸಾಫ್ಟ್‌ವೇರ್ ಪ್ರತಿ ಫೋನಿನ ಪರದೆಯನ್ನೂ ಒಂದು ಮಾದರಿ ಚಿತ್ರಕ್ಕೆ ಹೋಲಿಸುತ್ತದೆ; ಹೊಂದದಿದ್ದರೆ ಫೇಲ್ ಎನ್ನುತ್ತದೆ. ಮ್ಯಾನೇಜರ್ ಮಹಾನುಭಾವ ತನ್ನದೇ ಫೋಟೊವನ್ನು ಆ ಹದಿನಾಲ್ಕರಲ್ಲಿ ಬಣ್ಣ ಕೆಟ್ಟ ಫೋನೊಂದರಲ್ಲಿ ತೆರೆದು, ಸರಿಯಾಗಿ ನೋಡದೆ ಅದನ್ನೇ ಮಾದರಿಯೆಂದು ಒಪ್ಪಿಬಿಟ್ಟಿದ್ದ. ಅದರಲ್ಲಿ ಅವನ ಮುಖ ಪಾಚಿಗಟ್ಟಿದಂತೆ ಹಸಿರು. ನಿಜವಾದ ಬಣ್ಣ ತೋರಿಸಿದ ಹದಿಮೂರು ಫೋನುಗಳೂ ಫೇಲ್!

“ಸಾರ್, ಮಾದರಿನೇ ತಪ್ಪಾಗಿದೆ.”

“ಒಪ್ಪಿಗೆ ಆಗಿದ್ದನ್ನ ಮುಟ್ಟಬೇಡಮ್ಮ. ಉಳಿದಿದ್ದನ್ನ ಅದಕ್ಕೆ ಹೊಂದಿಸು.”

ಫೋನಕ್ಕ ಹಲ್ಲು ಕಚ್ಚಿಕೊಂಡು ಆ ಹದಿಮೂರರಲ್ಲೂ ಆ್ಯಪ್‌ನ ಬಣ್ಣ ಕೆಡಿಸಿ ಮಾದರಿಗೆ ಹೊಂದಿಸಿದಳು. ಮಾರನೆಯ ದಿನ ಅವನು ಮೇಜಿನ ಮೇಲಿನ ಫೋನುಗಳತ್ತ ಬಗ್ಗಿ ನೋಡಿದ.

“ಥೂ! ಏನಿದು ಅಸಹ್ಯ?”

“ನಿಮ್ಮ ಮುಖ, ಸಾರ್. ಹದಿನಾಲ್ಕೂ ಪಾಸ್.”