ಒಂಬತ್ತು ಜೊತೆ ಚಪ್ಪಲಿ, ಎಂಟು ಜನ

ಮಧ್ಯಾಹ್ನ ಒಂದು ಗಂಟೆ ಹತ್ತು ನಿಮಿಷಕ್ಕೆ ಹುಮೇರಾ ಚಲುವಯ್ಯನವರ ಮನೆಯ ಜಗಲಿಯ ಕೆಳಗೆ ಪ್ರವಾಸಿಗಳು ಬಿಟ್ಟಿದ್ದ ಚಪ್ಪಲಿ, ಬೂಟುಗಳನ್ನು ಎಣಿಸಿದಳು. ಒಂಬತ್ತು ಜೊತೆ ಇದ್ದವು. ಒಳಗೆ ಪಡಸಾಲೆಯಲ್ಲಿ ಊಟಕ್ಕೆ ಕುಳಿತವರನ್ನು ಎಣಿಸಿದಳು. ಎಂಟು ಜನ. ಸಾಲಿನ ಕೊನೆಯ ಬಾಳೆ ಎಲೆಗೆ ಚಲುವಯ್ಯನವರ ಹೆಂಡತಿ ಸುನಂದಮ್ಮ ಆಗಲೇ ಉಪ್ಪು, ಪಲ್ಯ ಬಡಿಸಿ ಮುದ್ದೆ ಇಟ್ಟಿದ್ದರು. ಅದರ ಮುಂದೆ ಯಾರೂ ಇರಲಿಲ್ಲ.

ಆ ಎಲೆ ಲಾನ್ ಎಂಬ ಅರವತ್ತೆಂಟು ವರ್ಷದ ಹೆಂಗಸಿನದು. ವಿಯೆಟ್ನಾಮಿನ ಬೆಟ್ಟಸೀಮೆಯ ಒಂದು ಹಳ್ಳಿಯವರು. ಮಗಳು ಮಾಯ್ ಯೋಗ ಕಲಿಯಲು ಮೈಸೂರಿಗೆ ಬಂದು ಮೂರು ತಿಂಗಳಾಗಿತ್ತು. ಅವಳನ್ನು ನೋಡಲು ಬಂದಿದ್ದ ತಾಯಿಯನ್ನು ಅವಳು ಹುಮೇರಾ ನಡೆಸುವ ಒಂದು ದಿನದ ಹಳ್ಳಿ ಪ್ರವಾಸಕ್ಕೆ ಕರೆತಂದಿದ್ದಳು. ಲಾನ್ ಅವರಿಗೆ ಇಂಗ್ಲಿಷ್ ಬಾರದು. ಬೆಳಿಗ್ಗೆಯಿಂದ ಹುಮೇರಾ ಹೇಳಿದ್ದೆಲ್ಲ ಮಾಯ್ ಬಾಯಿಂದಲೇ ಅವರಿಗೆ ತಲುಪಿತ್ತು.

ಹುಮೇರಾ ಬಚ್ಚಲ ಬಾಗಿಲು ತಟ್ಟಿದಳು. ಯಾರೂ ಇರಲಿಲ್ಲ. ಕೊಟ್ಟಿಗೆ ನೋಡಿದಳು, ಹಿತ್ತಲು ನೋಡಿದಳು, ಹುಲ್ಲಿನ ಬಣವೆಯ ಹಿಂದೆ ನೋಡಿದಳು. ತಿರುಗಿ ಬಂದು ಜಗಲಿಯ ಕೆಳಗಿದ್ದ ಬೂದು ಬಣ್ಣದ ಕ್ಯಾನ್ವಾಸ್ ಬೂಟುಗಳನ್ನು ಮತ್ತೊಮ್ಮೆ ನೋಡಿದಳು. ಅವು ಲಾನ್ ಅವರವೇ. ಬಿಚ್ಚಿ, ಲೇಸನ್ನು ಒಳಗೆ ಮಡಚಿ ಒಪ್ಪವಾಗಿ ಇಟ್ಟಿದ್ದರು.

ಹುಮೇರಾಳಿಗೆ ಈಗ ಮೂವತ್ತಾರು ವರ್ಷ. ಹುಣಸೂರಿನವಳು. ತಂದೆ ಸರ್ದಾರ್ ಪಾಷಾ ಬಡಗಿ. ಊರಿನ ಹಳೆಯ ಮನೆಗಳಲ್ಲಿ ಅವರು ಕೂರಿಸಿದ ಬಾಗಿಲುಗಳು ಇನ್ನೂ ಇವೆ. ಬಿ.ಎ. ಮುಗಿಸಿದ ಮೇಲೆ ಅವಳು ಎಚ್.ಡಿ. ಕೋಟೆ ಕಡೆಯ ಒಂದು ರೆಸಾರ್ಟಿನಲ್ಲಿ ಆರು ವರ್ಷ ಸ್ವಾಗತಕಾರಿಣಿಯಾಗಿದ್ದಳು. ದಿನಾ ಕೋಟೆ ಹತ್ತಿರದ ಕೂಡುರಸ್ತೆ ಹ್ಯಾಂಡ್‌ಪೋಸ್ಟ್‌ನಲ್ಲಿ ಬಸ್ಸು ಬದಲಿಸಿ ಹೋಗಿ ಬರುತ್ತಿದ್ದಳು. ಇಂಗ್ಲಿಷ್ ಕಲಿತದ್ದು ಅಲ್ಲಿ. ಹೆದರುವುದನ್ನು ಕಲಿತದ್ದೂ ಅಲ್ಲೇ ಎಂದು ಅವಳೇ ಹೇಳುತ್ತಾಳೆ. ಒಂದು ಸಂಜೆ ಅತಿಥಿಯೊಬ್ಬರ ಆರು ವರ್ಷದ ಮಗಳು ಹಿನ್ನೀರಿನ ದಡದಿಂದ ಕಾಣೆಯಾದಳು. ಇಪ್ಪತ್ತು ನಿಮಿಷ ಎಲ್ಲರೂ ನೀರನ್ನೇ ನೋಡುತ್ತ ನಿಂತಿದ್ದರು. ಮಗು ಬೇರೆ ಕಾಟೇಜಿನ ಮಂಚದ ಕೆಳಗೆ ನಿದ್ದೆ ಮಾಡುತ್ತಿತ್ತು. ಹುಡುಕುವಾಗ ಹುಮೇರಾ ಬಾಯಿ ಬಿಡಲಾಗದೆ ಕಂಬ ಹಿಡಿದು ನಿಂತಿದ್ದಳು. ಅಂದಿನಿಂದ ಅವಳಿಗೆ ಎಣಿಸುವ ಚಟ.

ನಾಲ್ಕು ವರ್ಷದ ಹಿಂದೆ ಸ್ವಂತವಾಗಿ ಪ್ರವಾಸ ಶುರು ಮಾಡಿದಾಗ ಅವಳ ತಾಯಿ ಹಮೀದುನ್ನೀಸಾ, ಅಂಗಡಿಗೆ ಕಳಿಸಿದ ಮಗು ಹಿಂದಿರುಗುವ ತನಕ ಬಾಗಿಲಲ್ಲೇ ನಿಲ್ಲುವ ನಿನಗೆ ಪರದೇಶದವರನ್ನು ಕಾಡಂಚಿಗೆ ಕರೆದೊಯ್ಯುವ ಕೆಲಸ ಯಾಕೆ ಎಂದು ಕೇಳಿದ್ದರು. ಆದರೂ ಅವಳು ಬಿಡಲಿಲ್ಲ. ಬೆಳಿಗ್ಗೆ ಏಳೂವರೆಗೆ ಮೈಸೂರಿನಿಂದ ಟೆಂಪೊ ಟ್ರಾವೆಲರ್ ಹೊರಡುತ್ತದೆ. ಕೆ.ಆರ್. ನಗರದ ಕಡೆ ಭತ್ತದ ನಾಟಿ ತೋರಿಸಿ, ಹುಣಸೂರಿನಲ್ಲಿ ಚಹಾ ಕುಡಿಸಿ, ಹನಗೋಡಿನಿಂದಾಚೆ ಕಾಡಂಚಿನ ಹಳ್ಳಿಯಲ್ಲಿರುವ ಚಲುವಯ್ಯನವರ ಮನೆಯಲ್ಲಿ ಹೊಗೆಸೊಪ್ಪಿನ ಬ್ಯಾರನ್ ತೋರಿಸಿ, ಊಟ ಹಾಕಿಸಿ, ಹ್ಯಾಂಡ್‌ಪೋಸ್ಟ್ ಮೇಲೆ ಸಂಜೆ ಆರಕ್ಕೆ ವಾಪಸು. ಮೊದಲ ವರ್ಷ ಮೂರು ಹಳ್ಳಿಯವರು ಆಗುವುದಿಲ್ಲ ಎಂದಿದ್ದರು. ಒಪ್ಪಿದ್ದು ಈ ಮನೆಯವರು ಮಾತ್ರ.

ಜನರನ್ನು ಎಣಿಸುವುದು ಕಷ್ಟ, ಅವರು ನಿಂತಲ್ಲಿ ನಿಲ್ಲುವುದಿಲ್ಲ. ಚಪ್ಪಲಿ ನಿಲ್ಲುತ್ತದೆ. ಈ ಕಡೆ ಯಾವ ಮನೆಗೂ ಯಾರೂ ಚಪ್ಪಲಿ ಹಾಕಿಕೊಂಡು ಹೋಗುವುದಿಲ್ಲವಾದ್ದರಿಂದ ಅವಳ ಲೆಕ್ಕ ಪ್ರತಿ ಮನೆಯ ಹೊಸ್ತಿಲಲ್ಲಿ ತಾನಾಗಿ ಸಿಗುತ್ತಿತ್ತು. ಚಪ್ಪಲಿ ಇಲ್ಲಿದ್ದರೆ ಆಳು ಇಲ್ಲೇ ಎಲ್ಲೋ ಇದ್ದಾರೆ; ಬರಿಗಾಲಿನಲ್ಲಿ ಪ್ರವಾಸಿಗಳು ದೂರ ಹೋಗುವುದಿಲ್ಲ. ಆ ಬೆಳಿಗ್ಗೆಯೂ ಚಾಲಕ ರುದ್ರಸ್ವಾಮಿ ಅವಳನ್ನು ಹಾಸ್ಯ ಮಾಡಿದ್ದ.

"ನೀವು ಎಣಿಸೋದ್ ನೋಡುದ್ರೆ ನಮ್ಮನ್ನ ಕುರಿ ಕಾಯೋರು ಅನ್ಕತಾರೆ ಕಣಕ್ಕ."

ಈಗ ಅವಳು ಅದೇ ಲೆಕ್ಕ ಹಿಡಿದು ಯೋಚಿಸಿದಳು. ಹಿತ್ತಲಿನ ಆಚೆ ಕೂಳೆ ಹೊಲ, ಜಾಲಿ ಮುಳ್ಳು. ಬರಿಗಾಲಿನಲ್ಲಿ ಲಾನ್ ಅದನ್ನು ದಾಟಿರಲಾರರು. ಮನೆಯಲ್ಲಿಲ್ಲ, ಅಂಗಳದಲ್ಲಿಲ್ಲ. ಉಳಿದದ್ದು ಒಂದೇ ಕಟ್ಟಡ.

ಬ್ಯಾರನ್ ಎಂದರೆ ಹೊಗೆಸೊಪ್ಪನ್ನು ಒಲೆಯ ಬಿಸಿಯಲ್ಲಿ ಬೇಯಿಸಿ ಒಣಗಿಸುವ, ಕಿಟಕಿಯಿಲ್ಲದ ಎತ್ತರದ ಕೋಣೆ. ಚಲುವಯ್ಯನವರದು ದಪ್ಪ ಇಟ್ಟಿಗೆ ಗೋಡೆಯದು. ಕೋಲುಗಳಿಗೆ ಕಟ್ಟಿದ ಹಸಿ ಎಲೆಯನ್ನು ಒಳಗೆ ಸೂರಿನ ತನಕ ಸಾಲುಸಾಲಾಗಿ ನೇತುಹಾಕುತ್ತಾರೆ. ನೆಲದ ಮೇಲೆ ತಗಡಿನ ಕೊಳವೆಗಳು ಹಾದಿರುತ್ತವೆ. ಹೊರಗಿನ ಒಲೆಯ ಬಿಸಿ ಅವುಗಳಲ್ಲಿ ಹರಿಯುತ್ತದೆ. ತುಂಬಿದ ಮೇಲೆ ಬಾಗಿಲು ಮುಚ್ಚಿ, ಅಗಳಿ ಹಾಕಿ, ಸಂದಿಗೆ ಕೆಸರು ಮೆತ್ತಿ, ಒಲೆಯ ಬಾಯಿಗೆ ಕರ್ಪೂರ ಹಚ್ಚಿ ಬೆಂಕಿ ಕೊಡುತ್ತಾರೆ. ಎಲೆ ಹಳದಿಗೆ ತಿರುಗುವ ತನಕ ಆ ಬಾಗಿಲನ್ನು ತೆರೆಯುವುದಿಲ್ಲ. ತೆರೆದರೆ ಬಣ್ಣ ಕೆಡುತ್ತದೆ. ಐದು ನಿಮಿಷ ತೆರೆದರೆ ಎಷ್ಟು ಕೆಡುತ್ತದೆ ಎಂದು ಊರಿನಲ್ಲಿ ಯಾರಿಗೂ ಗೊತ್ತಿಲ್ಲ, ಯಾಕೆಂದರೆ ಯಾರೂ ತೆರೆದು ನೋಡಿಲ್ಲ.

ಆ ದಿನ ಹನ್ನೆರಡು ಗಂಟೆಗೆ ಪ್ರವಾಸಿಗಳು ಬಂದಾಗ ಕೊನೆಯ ಕೋಲುಗಳು ಒಳಗೆ ಹೋಗುತ್ತಿದ್ದವು. ಇಬ್ಬಿಬ್ಬರಾಗಿ ಬಾಗಿಲಲ್ಲಿ ಬಗ್ಗಿ ನೋಡಿದರು. ಲಾನ್ ಎರಡು ಸಲ ನೋಡಿದ್ದನ್ನು ಹುಮೇರಾ ಕಂಡಿದ್ದಳು. ಎರಡನೆಯ ಸಲ ಅವರು ಒಂದು ಕಾಲು ಒಳಗಿಟ್ಟು ಎಲೆಯನ್ನು ಬೆರಳಿನಲ್ಲಿ ಮುಟ್ಟಿದ್ದರು. ಆಮೇಲೆ ಅವರನ್ನು ನೋಡಿದ ನೆನಪು ಅವಳಿಗಿರಲಿಲ್ಲ. ಹನ್ನೆರಡೂ ಇಪ್ಪತ್ತಕ್ಕೆ ಚಲುವಯ್ಯನವರ ಮಗ ಮಹೇಂದ್ರ ಬಾಗಿಲು ಹಾಕಿದ. ಬೆಂಕಿಗೆ ಈಗ ಮುಕ್ಕಾಲು ಗಂಟೆಯ ಮೇಲಾಗಿತ್ತು.

ಅವಳು ಓಡಲಿಲ್ಲ. ಓಡಿದರೆ ಒಳಗಿನ ಎಂಟು ಜನಕ್ಕೆ ತಿಳಿಯುತ್ತದೆ. ಬ್ಯಾರನ್ನಿನ ಗೋಡೆಯಲ್ಲಿ ಉಷ್ಣಮಾಪಕ ನೋಡಲು ಬಿಟ್ಟಿದ್ದ ಗಾಜಿನ ಕಿಂಡಿಗೆ ಮುಖ ಒತ್ತಿದಳು. ತೊಂಬತ್ತನಾಲ್ಕು ಡಿಗ್ರಿ ಫ್ಯಾರನ್‌ಹೀಟ್ ತೋರಿಸುತ್ತಿತ್ತು. ಅದರ ಹಿಂದೆ ಎಲೆ, ಅದರ ಹಿಂದೆ ಕತ್ತಲು. ನೆಲ ಕಾಣಿಸಲಿಲ್ಲ. ಬಾಗಿಲಿಗೆ ಬಾಯಿ ಇಟ್ಟು ಲಾನ್ ಎಂದು ಕರೆದಳು, ಗೋಡೆಯನ್ನು ಕಲ್ಲಿನಿಂದ ಕುಟ್ಟಿದಳು. ಒಲೆಯಲ್ಲಿ ಸೌದೆ ಸಿಡಿಯುವುದು ಬಿಟ್ಟರೆ ಬೇರೆ ಸದ್ದಿಲ್ಲ. ಹಸಿ ಹೊಗೆಸೊಪ್ಪಿನ ಹಬೆಗೆ ಎಳೆಯ ಆಳುಗಳಿಗೇ ತಲೆ ಸುತ್ತಿ ವಾಂತಿಯಾಗುವುದನ್ನು ಅವಳು ಈ ಅಂಗಳದಲ್ಲೇ ನೋಡಿದ್ದಳು.

ಕಲ್ಲಿನ ಸದ್ದಿಗೆ ಮಹೇಂದ್ರ ಬಂದ. ಅವಳು ವಿಷಯ ಹೇಳಿದಳು.

"ಒಳಗ್ ಯಾರೂ ಇರ್ನಿಲ್ಲ ಕಣಕ್ಕ. ನಾನೇ ಮೇಲಿಂದ ಇಳ್ದು ಅಗಳಿ ಆಕಿದ್ದು."

"ಇಳಿದಾಗ ಕೆಳಗೆ ನೋಡಿದ್ಯಾ?"

ಮಹೇಂದ್ರ ಬಾಗಿಲ ಕಡೆ ತಿರುಗಿದ. ಒಳಗೆ ಕತ್ತಲಿತ್ತು ಎಂದ. ಮೂಲೆಯಲ್ಲಿ ಯಾರಾದರೂ ಕುಕ್ಕರಗಾಲಲ್ಲಿ ಕುಳಿತಿದ್ದರೆ ಕಾಣುತ್ತಿತ್ತೇ ಎಂದು ಅವಳು ಕೇಳಿದಳು. ಅವನು ಅಪ್ಪನನ್ನು ಕರೆಯಲು ಹೋದ.

ಚಲುವಯ್ಯನವರಿಗೆ ಅರವತ್ತು ದಾಟಿದೆ. ಅವಸರದ ಮನುಷ್ಯರಲ್ಲ. ಬಂದು ಕಿಂಡಿಯಲ್ಲಿ ಇಣುಕಿದರು, ಒಲೆಯ ಮುಂದೆ ಕುಳಿತಿದ್ದ ಆಳಿಗೆ ಸೌದೆ ಹಾಕುವುದನ್ನು ನಿಲ್ಲಿಸಲು ಹೇಳಿದರು. ಆಮೇಲೆ ಹೆಗಲ ಮೇಲಿನ ಟವೆಲ್ ತೆಗೆದು ಮುಖ ಒರೆಸಿಕೊಂಡರು.

"ನೋಡಿ ಉಮೇರಮ್ಮ, ಮೂವತ್ತು ವರ್ಸದಿಂದ ಬೇಯಿಸ್ತಾ ಇವ್ನಿ. ಬೆಂಕಿ ಕೊಟ್ ಮ್ಯಾಕೆ ಬಾಗಿಲು ತಗ್ದೋನಲ್ಲ. ಆವಮ್ಮ ಒಳಗವ್ರೆ ಅಂತ ನೀವು ಏಳಿ, ತಗೀತೀನಿ."

ಹೌದು ಎಂದರೆ ಅದು ಸುಳ್ಳಾಗಬಹುದು. ವಾರದ ಕೊಯ್ಲೆಲ್ಲ ಆ ಗೋಡೆಯ ಒಳಗಿತ್ತು. ಈ ಮನೆಯೊಂದೇ ಅವಳಿಗೆ ಬಾಗಿಲು ತೆರೆದಿದ್ದ ಮನೆ. ಅಲ್ಲ ಎಂದರೆ ಅದೂ ಸುಳ್ಳಾಗಬಹುದು. ರೆಸಾರ್ಟಿನ ಆ ಸಂಜೆಯಂತೆ ಹಿಡಿದುಕೊಳ್ಳಲು ಇಲ್ಲಿ ಕಂಬವಿರಲಿಲ್ಲ.

"ಗೊತ್ತಿಲ್ಲ ಅಣ್ಣ," ಎಂದಳು. "ಇಲ್ಲ ಅಂತ ಹೇಳೋಕೆ ನನ್ನ ಕೈಲಿ ಆಗ್ತಾ ಇಲ್ಲ."

ಚಲುವಯ್ಯ ಕದಲಲಿಲ್ಲ. ಅಷ್ಟರಲ್ಲಿ ಸಾರಿನ ಸೌಟು ಹಿಡಿದೇ ಹೊರಗೆ ಬಂದಿದ್ದ ಸುನಂದಮ್ಮ ಗಂಡನನ್ನೂ ಬಾಗಿಲನ್ನೂ ನೋಡಿದರು.

"ತಗೀರಿ ಅತ್ಲಾಗೆ. ಇಂಗೇ ಬುಟ್ರೆ ಇವತ್ತು ನಾನು ಮನಿಕ್ಕತೀನಾ, ನೀವು ಮನಿಕ್ಕತೀರಾ?"

ಮಹೇಂದ್ರ ಗುದ್ದಲಿಯಿಂದ ಕೆಸರು ಕೆತ್ತಿದ. ಅಗಳಿ ಸರಿಯಿತು. ಬೆಚ್ಚಗಿನ ಒದ್ದೆ ಗಾಳಿ ಹೊರಗೆ ನುಗ್ಗಿತು. ಅವನು ಟಾರ್ಚ್ ತರುವ ಮೊದಲೇ ಹುಮೇರಾ ಮೊಬೈಲಿನ ದೀಪ ಹಚ್ಚಿ, ಬಗ್ಗಿ ಒಳಗೆ ಹೋದಳು. ಎಲೆಗಳ ತುದಿ ತಲೆಗೆ, ಕತ್ತಿಗೆ ತಾಗಿ ಅಂಟಿದವು. ಮಂಡಿಯೂರಿ ಕೊಳವೆಗಳ ನಡುವೆ ಒಂದೊಂದೇ ಮೂಲೆಗೆ ಬೆಳಕು ಹಿಡಿದಳು. ಮೊದಲನೆಯದರಲ್ಲಿ ಮುರಿದ ಕೋಲು. ಎರಡನೆಯದರಲ್ಲಿ, ಮೂರನೆಯದರಲ್ಲಿ ಏನೂ ಇಲ್ಲ. ನಾಲ್ಕನೆಯ ಮೂಲೆಯಲ್ಲಿ ಕಪ್ಪಗೆ ಏನೋ ಮುದುರಿ ಬಿದ್ದಿತ್ತು. ಅವಳು ಕೈ ಚಾಚಿ ಹಿಡಿದಳು. ಗೋಣಿಚೀಲ. ಎರಡೂ ಕೈಯಲ್ಲಿ ಅದನ್ನು ಎತ್ತಿ ಕೊಡವಿದಳು, ಅದರ ಕೆಳಗೂ ನೋಡಿದಳು.

ಹೊರಗೆ ಬಂದಾಗ ಬಾಗಿಲಲ್ಲಿ ಮಾಯ್ ನಿಂತಿದ್ದಳು. ಕೈಯಲ್ಲಿ ಅನ್ನ ಮೆತ್ತಿತ್ತು. ಹುಮೇರಾ ಏನು ಹುಡುಕುತ್ತಿದ್ದಾಳೆ ಎಂದು ಅವಳಿಗೆ ಯಾರೂ ಹೇಳಬೇಕಾಗಿರಲಿಲ್ಲ. ಅಮ್ಮ ಒಳಗಿದ್ದಾರೆಯೇ ಎಂದು ಕೇಳಿದಳು. ಇಲ್ಲ ಎಂದು ಹುಮೇರಾ ಹೇಳಿದಳು. ಹಾಗಾದರೆ ಎಲ್ಲಿ ಎಂದಳು.

ಆ ಪ್ರಶ್ನೆ ಈಗ ಮೊದಲಿಗಿಂತ ದೊಡ್ಡದಾಗಿತ್ತು. ಬ್ಯಾರನ್ನಿಗೆ ನಾಲ್ಕು ಗೋಡೆಯಾದರೂ ಇತ್ತು. ಊರ ಹಿಂದೆ ಅರ್ಧ ಕಿಲೋಮೀಟರಿಗೆ ಆನೆ ಕಂದಕ. ಮೂರು ಕಡೆ ಮಣ್ಣು ಕುಸಿದು ದಾರಿಯಾಗಿದೆ. ಹಿಂದಿನ ವಾರ ಅದೇ ದಾರಿಯಲ್ಲಿ ಹುಲಿ ಹಸುವೊಂದನ್ನು ಎಳೆದಿತ್ತು. ಇದನ್ನು ಬೆಳಿಗ್ಗೆ ವಾಹನದಲ್ಲಿ ರುದ್ರಸ್ವಾಮಿ ಹೇಳಿದ್ದ. ಪ್ರವಾಸಿಗಳ ಮುಂದೆ ಬೇಡ ಎಂದು ಅವಳು ಕಣ್ಣಲ್ಲೇ ಹೇಳಿದ್ದಳು. ಈಗ ಅವಳೇ ಅವನನ್ನು ಕಂದಕದ ಕಡೆ ಓಡಿಸಿದಳು. ಮಹೇಂದ್ರ ಬೈಕ್ ತೆಗೆದುಕೊಂಡು ಕೆರೆಯ ಕಡೆ ಹೋದ. ಕೆರೆಯೂ ಇದೆ ಎಂಬುದು ಅವಳಿಗೆ ಆಗ ನೆನಪಾಯಿತು. ಅರಣ್ಯ ಇಲಾಖೆಯವರಿಗೆ ಫೋನ್ ಮಾಡಲು ನಂಬರ್ ತೆಗೆದಳು. ಹೆಬ್ಬೆರಳು ಒದ್ದೆಯಾಗಿದ್ದರಿಂದ ಪರದೆ ಒಪ್ಪಲಿಲ್ಲ. ಸೀರೆಯ ಸೆರಗಿಗೆ ಒರೆಸಿ ಮತ್ತೆ ಒತ್ತಿದಳು.

ಅದೇ ಹೊತ್ತಿಗೆ ನೀರಿನ ಬಿಂದಿಗೆ ಹಿಡಿದ ಪುಟ್ಟಸಿದ್ದಮ್ಮ ಮನೆಯ ಮೂಲೆ ತಿರುಗಿ ಬಂದಳು. ಪಕ್ಕದ ಬೆಟ್ಟಸ್ವಾಮಿಯವರ ಹೊಲದಲ್ಲಿ ಹೊಗೆಸೊಪ್ಪು ಕಟ್ಟುವ ಹೆಂಗಸರ ಗುಂಪಿನವಳು.

"ನಿಮ್ಮಜ್ಜಿಗೆ ಮುದ್ದೆ ಅಲ್ಲಿಗೇ ತಕಂಡೋಗ್ಲಾ?" ಎಂದು ಕೇಳಿದಳು. "ಕರುದ್ರೂ ಏಳಾಕಿಲ್ಲ ಕಣವ್ವ. ನಮ್ಗಿಂತ ಬಿರ್ನೆ ಕಟ್ತದೆ. ಇನ್ ಎರಡು ದಿನ ಇಲ್ಲೇ ಬುಟ್ಟೋಗಿ."

ಹುಮೇರಾ ಫೋನ್ ನಿಲ್ಲಿಸಿ, ಮಾಯ್‌ಳನ್ನು ಕರೆದುಕೊಂಡು ಬೆಟ್ಟಸ್ವಾಮಿಯವರ ಹೊಲಕ್ಕೆ ಓಡಿದಳು.

ಅಲ್ಲಿ ಚಪ್ಪರದಡಿಯಲ್ಲಿ ಆರು ಜನ ಹೆಂಗಸರಿದ್ದರು. ಆರನೆಯವರು ಲಾನ್. ಬಿಸಿಲಿಗೆ ತಲೆಗೆ ಟವೆಲ್ ಸುತ್ತಿಕೊಂಡು, ಕಾಲು ಚಾಚಿ ಕುಳಿತು, ಮೂರು ಮೂರು ಎಲೆ ಜೋಡಿಸಿ ದಾರ ಸುತ್ತಿ ಕೋಲಿಗೆ ಬಿಗಿಯುತ್ತಿದ್ದರು. ಬೆರಳು ಅಂಟಿನಿಂದ ಕಪ್ಪಾಗಿತ್ತು. ಮಾಯ್ ಅಳುತ್ತಲೇ ಏನೋ ಗದರಿದಳು. ತಾಯಿ ತಿರುಗಿ ಗದರಿದರು. ಚಿಕ್ಕಂದಿನಲ್ಲಿ ಅಮ್ಮ ಇದೇ ಕೆಲಸಕ್ಕೆ ಹೋಗುತ್ತಿದ್ದಳಂತೆ, ತನಗೂ ಇದು ಗೊತ್ತಿರಲಿಲ್ಲ ಎಂದು ಮಾಯ್ ಆಮೇಲೆ ಹೇಳಿದಳು. ಲಾನ್ ಅವರ ಕಾಲಲ್ಲಿ ಸುನಂದಮ್ಮನ ಹವಾಯಿ ಚಪ್ಪಲಿ ಇತ್ತು. ಅವರ ಊರಿನಲ್ಲಿ ಹಿತ್ತಲ ಬಾಗಿಲಲ್ಲಿ ಇಟ್ಟ ಚಪ್ಪಲಿ ಯಾರು ಹೊರಗೆ ಹೋದರೂ ಹಾಕಿಕೊಳ್ಳಲು ಇರುವಂಥದು. ಅವರು ಹಾಕಿಕೊಂಡು ಹೋಗಿದ್ದರು.

ಬ್ಯಾರನ್ನಿನ ಬಾಗಿಲು ತೆರೆದಿದ್ದದ್ದು ಹನ್ನೊಂದು ನಿಮಿಷ. ಮಹೇಂದ್ರ ಬರುವ ತನಕ ಕಾಯದೆ ಚಲುವಯ್ಯ ತಾವೇ ಅಗಳಿ ಹಾಕಿ ಕೆಸರು ಮೆತ್ತಿದ್ದರು. ಉಷ್ಣಮಾಪಕ ಎಂಬತ್ತೇಳಕ್ಕೆ ಇಳಿದಿತ್ತು. ಹುಮೇರಾ ಹೋಗಿ ಪಕ್ಕದಲ್ಲಿ ನಿಂತಾಗ ಅವರು ಒಲೆಗೆ ಸೌದೆ ನೂಕುತ್ತಿದ್ದರು. ಅವಳು ಕ್ಷಮೆ ಕೇಳಿದಳು. ಮೊದಲು ಉಣ್ಣಿ ಎಂದಷ್ಟೇ ಅವರು ಹೇಳಿದರು. ಅವಳು ಮುದ್ದೆಯನ್ನು ಎಲೆಯಲ್ಲೇ ಬಿಟ್ಟಳು. ಲಾನ್ ಎರಡು ಸಲ ಸಾರು ಹಾಕಿಸಿಕೊಂಡರು.

ಹ್ಯಾಂಡ್‌ಪೋಸ್ಟ್ ದಾಟುವಾಗ ಅವಳು ವಾಹನದಲ್ಲಿ ಹಿಂದಿರುಗಿ ಒಂಬತ್ತು ಮುಖಗಳನ್ನು ಎಣಿಸಿದಳು. ಮೈಸೂರಿನ ತನಕ ಇನ್ನೂ ಹದಿನಾಲ್ಕು ಸಲ ಎಣಿಸಿದಳು ಎಂದು ರುದ್ರಸ್ವಾಮಿ ಹೇಳುತ್ತಾನೆ. ಈ ಸಲ ಅವನು ಹಾಸ್ಯ ಮಾಡಲಿಲ್ಲ. ಕಂದಕದವರೆಗೆ ಓಡಿದ ಅವನ ಅಂಗಿಯೂ ಇನ್ನೂ ಒಣಗಿರಲಿಲ್ಲ.

ಎರಡು ದಿನ ಅವಳು ಸುನಂದಮ್ಮನಿಗೆ ಫೋನ್ ಮಾಡಲು ಹೆದರಿದಳು. ಶನಿವಾರ ಬೆಳಿಗ್ಗೆ ಚಲುವಯ್ಯನವರೇ ಮಾಡಿದರು. ಕಿಂಡಿಯಲ್ಲಿ ನೋಡಿದರೆ ಮೇಲಿನ ಸಾಲು ಹಳದಿಯಾಗಿದೆ, ಬಾಗಿಲ ಕಡೆಯದು ಏನೆಂದು ಕಾಣುವುದಿಲ್ಲ ಎಂದರು.

"ಮಂಗಳವಾರ ಬಾಗಿಲು ತಗೀತೀವಿ," ಎಂದರು. "ಬಂದು ನಿಮ್ಮ ಕಣ್ಣಲ್ಲೇ ನೋಡ್ಕಂಡೋಗಿ."

ಮಂಗಳವಾರ ಹುಮೇರಾ ಪ್ರವಾಸ ಇಟ್ಟುಕೊಂಡಿಲ್ಲ. ಬೆಳಿಗ್ಗೆ ಆರೂವರೆಯ ಹನಗೋಡು ಬಸ್ಸಿಗೆ ಒಬ್ಬಳೇ ಹೋಗುತ್ತಾಳೆ.