ಟಿವಿಯಲ್ಲಿ ತಲೆ ಬೋಳಿಸಿಕೊಂಡ ಹಾಡುಗಾರ್ತಿ

ಇವತ್ತು ಚಿಕ್ಕಬಳ್ಳಾಪುರದ ಬಸ್ಸಿನಲ್ಲಿ ಇಬ್ಬರು ಹುಡುಗಿಯರು ಮೊಬೈಲಿನಲ್ಲಿ ಯಾವುದೋ ಮ್ಯೂಸಿಕ್ ವಿಡಿಯೋ ನೋಡುತ್ತಾ, ಅದು ಕಲೆಯೋ ಗಿಮಿಕ್ಕೋ ಎಂದು ಜಗಳವಾಡುತ್ತಿದ್ದರು. ನನಗೆ ಗೌರಿಬಿದನೂರಿನ ನಮ್ಮ ನಡುಮನೆ ನೆನಪಾಯಿತು.

ಆಗ ಕೇಬಲ್ ಬಂದ ಹೊಸತು. ಟಿವಿಯಲ್ಲಿ ಹಾಡುಗಾರ್ತಿಯೊಬ್ಬಳು ಹಾಡುತ್ತಲೇ ತನ್ನ ಉದ್ದ ಕೂದಲನ್ನು ತಾನೇ ಬೋಳಿಸಿಕೊಳ್ಳುತ್ತಿದ್ದಳು. ಮೇಷ್ಟರಾಗಿದ್ದ ಅಪ್ಪ ಸಿಡುಕಿದರು: "ಇದೇನು ಕಲೆನಾ? ಜನ ನೋಡ್ಲಿ ಅಂತ ಗಿಮಿಕ್ಕು!"

ಕಾಲೇಜಿನಲ್ಲಿದ್ದ ಚಿಕ್ಕಪ್ಪ ಬಿಡಲಿಲ್ಲ. "ಕಲೆನೇ ಕಣಣ್ಣ. ಅದಕ್ಕೂ ಧೈರ್ಯ ಬೇಕು."

ಅಪ್ಪ ಟಿವಿ ಆರಿಸಲು ಎದ್ದರು.

"ಇರ್ಲಿ ಬಿಡಪ್ಪ," ಎಂದರು ಬಾಗಿಲಲ್ಲಿ ನಿಂತಿದ್ದ ಅಜ್ಜಿ. ಅವರು ಅಪ್ಪನ ಸೋದರತ್ತೆ. ಚಿಕ್ಕ ವಯಸ್ಸಿನಲ್ಲೇ ಗಂಡ ತೀರಿಹೋದಾಗ ಹಿರಿಯರು ಅವರ ತಲೆ ಬೋಳಿಸಿ ಕೆಂಪು ಸೀರೆ ಉಡಿಸಿದ್ದರು. ತಲೆ ಮೇಲಿನ ಸೆರಗು ಜಾರಿದ್ದನ್ನು ನಾನೆಂದೂ ಕಂಡಿರಲಿಲ್ಲ.

ಅಜ್ಜಿ ಟಿವಿಯ ಹತ್ತಿರವೇ ಬಂದು ಕೂತರು. ಹಾಡುಗಾರ್ತಿ ಬೋಳುತಲೆಯನ್ನೆತ್ತಿ ನೇರವಾಗಿ ನಮ್ಮನ್ನೇ ನೋಡಿದಳು.

"ನನ್ನನ್ನ ನಾಲ್ಕು ಜನ ಹಿಡ್ಕೊಂಡಿದ್ರು. ಇವಳು ತಾನೇ ಮಾಡ್ಕೋತಿದಾಳೆ, ನೋಡೋ," ಎಂದರು ಅಜ್ಜಿ.

ಅಪ್ಪನ ಕೈ ಸ್ವಿಚ್ಚಿನ ಮೇಲೇ ನಿಂತುಬಿಟ್ಟಿತು. ಅಜ್ಜಿ ಮೆಲ್ಲಗೆ ಸೆರಗನ್ನು ಹೆಗಲಿಗೆ ಇಳಿಸಿ, ಹಾಡು ಮುಗಿಯುವವರೆಗೂ ಹಾಗೆಯೇ ಕೂತರು. ಬೆಳ್ಳನೆಯ ಮೋಟುಗೂದಲು ಟಿವಿಯ ಬೆಳಕಿಗೆ ಹೊಳೆಯುತ್ತಿತ್ತು.

"ಮುಟ್ಟಲಾ ಅಜ್ಜಿ?" ಎಂದೆ.

"ಮುಟ್ಟು ಕಣಮ್ಮ," ಎಂದು ತಲೆ ಬಗ್ಗಿಸಿದರು. ಸದಾ ಮಡಿಯಲ್ಲಿರುತ್ತಿದ್ದ ಅಜ್ಜಿ ನನ್ನಿಂದ ಮುಟ್ಟಿಸಿಕೊಂಡದ್ದು ಅದೇ ಮೊದಲು.

"ನೀವೇನಂತೀರ ಆಂಟಿ?" ಎಂದು ಬಸ್ಸಿನ ಹುಡುಗಿಯರು ನನ್ನತ್ತ ತಿರುಗಿದರು. "ನಮ್ಮಜ್ಜಿ ಕತೆ ಒಂದಿದೆ, ಹೇಳ್ತೀನಿ ಕೇಳಿ," ಎಂದು ಅವರ ಕಡೆಗೆ ಸರಿದು ಕೂತೆ.