ಆ ನೋಟೀಸಿನ ಮೇಲಿನ ಹೆಬ್ಬೆಟ್ಟು

ಆ ಹೆಬ್ಬೆಟ್ಟು ನಿಮ್ಮದಲ್ಲ, ಮಾಲನಬೀ ಅಕ್ಕಾ. ನನ್ನದು.

ನೀವು ಅಡವಿಟ್ಟ ಬಂಗಾರದ ಬೋರಮಾಳ ಸರವನ್ನು ಲಿಲಾವಿಗೆ, ಅಂದರೆ ಹರಾಜಿಗೆ, ಇಡುವ ಮೊದಲು ನಿಮಗೊಂದು ನೋಟೀಸು ಮುಟ್ಟಬೇಕಿತ್ತು. ಅದು ಮುಟ್ಟಲೇ ಇಲ್ಲ. ಮುಟ್ಟಿದೆ ಎಂದು ಅದರ ಕೆಳಗೆ ಹೆಬ್ಬೆಟ್ಟು ಒತ್ತಿದವಳು ನಾನು — ನನ್ನ ಎಡಗೈಯಿಂದ, ಕೊಣ್ಣೂರಿನಿಂದ ಗೋಕಾಕಕ್ಕೆ ಬರುವ ಬಸ್ಸಿನಲ್ಲಿ, ಕಿಟಕಿಯ ಪಕ್ಕ ಕೂತು. ಇಷ್ಟನ್ನು ಬರೆಯಲು ನನಗೆ ಹನ್ನೊಂದು ವರ್ಷ ಹಿಡಿಯಿತು.

ಆಗ ನಾನು ಗೋಕಾಕದ ಒಂದು ಪತ್ತಿನ ಸಂಘದಲ್ಲಿ ಬಂಗಾರದ ಸಾಲದ ಲೆಕ್ಕ ಬರೆಯುತ್ತಿದ್ದೆ. ಗಾಜಿನ ಆಚೆ ನೀವು, ಈಚೆ ನಾನು. ಕೌದಿ ಹೊಲಿದು ಬಂದ ದುಡ್ಡಿನಲ್ಲಿ ಬಡ್ಡಿ ಕಟ್ಟಲು ಬರುತ್ತಿದ್ದಿರಿ. ನಿಮ್ಮ ಸೆರಗಿನಿಂದ ಬಣ್ಣಬಣ್ಣದ ದಾರದ ಎಳೆಗಳು ಕೌಂಟರಿನ ಮೇಲೆ ಉದುರುತ್ತಿದ್ದವು. ನೀವು ಹೋದ ಮೇಲೆ ನಾನು ಅವನ್ನು ಊದಿ ತೆಗೆಯುತ್ತಿದ್ದೆ. ಸರ ನಿಮ್ಮ ತಾಯಿಯದು, ಮುಂದೆ ಮಗಳು ರಶೀದಾಳದು — ಪ್ರತಿ ಸಲ ಹೇಳುತ್ತಿದ್ದಿರಿ. "ಜ್ವಾಪಾನ ಇಡ್ರಿ ಬಾಯಾರ, ಅದು ನನ್ನ ಮಗಳ ಕೊಳ್ಳಾಗ ಕುಂಡರೂದೈತಿ."

ಆ ವರ್ಷ ನಿಮ್ಮ ಬಡ್ಡಿ ನಿಂತುಹೋಯಿತು. ಆಡಿಟರ್ ಬರುವುದರೊಳಗೆ ಕಟಬಾಕಿ ಖಾತೆಗಳನ್ನು ಮುಗಿಸಬೇಕೆಂದು ಸಂಘದಲ್ಲಿ ಗಡಿಬಿಡಿ. ನೋಟೀಸನ್ನು ಮನೆಗೆ ಒಯ್ದು, ಓದಿ ಹೇಳಿ, ಸಹಿ ಇಲ್ಲವೇ ಹೆಬ್ಬೆಟ್ಟು ಪಡೆಯುವುದು ನನ್ನ ಕೆಲಸ. ಮನೆಗೆ ಬೀಗ ಇದ್ದರೆ ಹದಿನೈದು ದಿನ ಬಿಟ್ಟು ಮತ್ತೊಮ್ಮೆ ಹೋಗಬೇಕು. ಅದು ನಿಯಮ.

ನಿಮ್ಮ ಮನೆಗೆ ಬೀಗ ಇತ್ತು.

ಬಾಜೂ ಮನೆಯ ಹೆಂಗಸು ಹೊರಗೆ ಶೇಂಗಾ ಒಡೆಯುತ್ತ ಕೂತಿದ್ದಳು. "ಹುಕ್ಕೇರಿಗೆ ಹೋಗ್ಯಾಳ್ರಿ. ಮಗಳು ಹಡದಾಳ. ಇನ್ನ ಒಂದ ತಿಂಗಳರೆ ಆಗ್ತೈತಿ ಬರಾಕ" ಅಂದಳು. ಒಂದು ಹಿಡಿ ಶೇಂಗಾವನ್ನೂ ಕೊಟ್ಟಳು. ಬಿಸಿಲು ಇತ್ತು. ಬಸ್ಸು ಬಂತು. ಹತ್ತಿದೆ. ಮತ್ತೊಮ್ಮೆ ಬರುವುದು ಯಾರಿಂದಾದೀತು ಅಂದುಕೊಂಡೆ — ಅಷ್ಟೇ, ಅಕ್ಕಾ. ಇದಕ್ಕಿಂತ ದೊಡ್ಡ ಕಾರಣವನ್ನು ನಾನು ವರ್ಷಗಟ್ಟಲೆ ಹುಡುಕಿದ್ದೇನೆ. ದುರಾಸೆಯೋ ಭಯವೋ ಏನಾದರೂ ಇದ್ದಿದ್ದರೆ ಹೇಳುವುದಕ್ಕೊಂದು ಮಾತಾದರೂ ಇರುತ್ತಿತ್ತು. ಚೀಲದಲ್ಲಿ ಮಸಿಯ ಡಬ್ಬಿ ಇತ್ತು, ಒತ್ತಿದೆ. ಶೇಂಗಾ ತಿನ್ನುತ್ತ ಗೋಕಾಕ ಮುಟ್ಟಿದೆ. ಸಿಪ್ಪೆಗಳ ಮೇಲೆಲ್ಲ ನೀಲಿ ಗುರುತು.

ಲಿಲಾವು ನಡೆದದ್ದು ಸಂಘದ ಮಹಡಿಯ ಮೇಲೆ, ಬೆಳಿಗ್ಗೆ ಹನ್ನೊಂದಕ್ಕೆ. ನಮ್ಮಲ್ಲಿ ಒಂದು ಪದ್ಧತಿ ಇತ್ತು. ಕೊನೆಯ ಸವಾಲು, ಅಂದರೆ ಕೊನೆಯ ಬೆಲೆಯ ಕೂಗು, ಮುಗಿದ ಮೇಲೂ ಒಡವೆ ಕೊಟ್ಟುಬಿಡುವುದಿಲ್ಲ. ಸವಾಲು ಕೂಗುವ ಬಸಪ್ಪ ಒಡವೆಯನ್ನು ಮೇಲೆತ್ತಿ ಹಿಡಿದು ಅದರ ಒಡೆಯರನ್ನು ಮೂರು ಸಲ ಕರೆಯಬೇಕು. ಒಡೆಯರು ಅಲ್ಲಿದ್ದು ಹೂಂ ಅಂದರೆ ಲಿಲಾವು ಅಲ್ಲಿಗೇ ನಿಲ್ಲುತ್ತಿತ್ತು, ಬಡ್ಡಿ ಕಟ್ಟಲು ಎಂಟು ದಿನ ಸಿಗುತ್ತಿತ್ತು.

ನಿಮ್ಮ ಸರಕ್ಕೆ ಮೂಡಲಗಿಯ ವ್ಯಾಪಾರಿಯೊಬ್ಬನ ಸವಾಲೇ ಕೊನೆಯದಾಯಿತು. ಬಸಪ್ಪ ಸರ ಎತ್ತಿದ.

"ಕೊಣ್ಣೂರ ಮಾಲನಬಿ ಅದಾರೇನ್ರೀ?"

ಒಂದು ಸಲ. ಎರಡು ಸಲ. ಮೂರನೆಯ ಸಲ ಕೂಗಿ ಬಸಪ್ಪ ಉಸಿರು ತೆಗೆದುಕೊಂಡ. ಆ ನಿಶ್ಶಬ್ದದಲ್ಲಿ —

"ಇಲ್ಲೇ ಅದೀನ್ರೀ."

ಮೆಟ್ಟಿಲಿನ ಕಡೆಯಿಂದ ಬಂದ ದನಿ. ಮೆಲ್ಲಗೆ, ನೀವು ಕೌಂಟರಿನಲ್ಲಿ ನಿಂತು ಹೇಳುತ್ತಿದ್ದಷ್ಟೇ ಮೆಲ್ಲಗೆ. ನಾನು ಎದ್ದು ನೋಡಿದೆ. ಮೆಟ್ಟಿಲು ಖಾಲಿ. ಕೆಳಗಿನ ಬಾಗಿಲು ಹಾಕಿತ್ತು. ಮೆಟ್ಟಿಲ ಮೇಲೆ ಒಂದು ಕೆಂಪು ದಾರದ ಎಳೆ ಮಾತ್ರ ಇತ್ತು. ಗಾಳಿ ಇರಲಿಲ್ಲ, ಆದರೂ ಅದು ಅಲುಗುತ್ತಿತ್ತು.

ಬಸಪ್ಪನಿಗೂ ಕೇಳಿಸಿತ್ತು. ಕೈಯೆತ್ತಿದವನು ಹಾಗೇ ನಿಂತಿದ್ದ. "ಬಾಯಾರ, ಯಾರರೆ ಹೂಂ ಅಂದ್ರೇನು?"

ಹೌದು ಅಂದಿದ್ದರೆ ನಿಲ್ಲಿಸಬಹುದಿತ್ತು. ನಾನು ಹೇಳಿದೆ: "ಯಾರೂ ಇಲ್ಲ. ನೋಟೀಸ್ ಮುಟ್ಟೇತಿ, ಹೆಬ್ಬೆಟ್ಟೂ ಐತಿ. ಮುಗಸ್ರಿ."

ವ್ಯಾಪಾರಿ ನಕ್ಕ. "ಹಲ್ಲಿ ಲೊಚಗುಟ್ಟಿದ್ರೂ ಲಿಲಾವ ನಿಲ್ಲಸಾಂವ ಅದಿಯಲ್ಲೋ ಬಸಪ್ಪಾ!" ಎಲ್ಲರೂ ನಕ್ಕರು. ಬಸಪ್ಪ ನಗಲಿಲ್ಲ. ಆ ಸರವನ್ನು ಅದೇ ವಾರ ಕರಗಿಸಿದರೆಂದು ಆಮೇಲೆ ಗೊತ್ತಾಯಿತು.

ಆಡಿಟರ್ ಬಂದರು. ಬಂಗಾರದ ತೂಕ, ಸವಾಲಿನ ಮೊತ್ತ, ಪಾವತಿ, ನೋಟೀಸು — ಒಂದೊಂದಕ್ಕೂ ಹಸಿರು ಪೆನ್ಸಿಲಿನಿಂದ ಗುರುತು ಹಾಕಿದರು. ನನ್ನ ಹೆಬ್ಬೆಟ್ಟಿನ ಪಕ್ಕದಲ್ಲೂ ಒಂದು ಹಸಿರು ಗುರುತು. "ಬಾಯಾರ ಫೈಲ್ ಅಂದ್ರ ಕಣ್ಣ ಮುಚ್ಚಿ ಸಹಿ ಮಾಡಬೇಕು" ಅಂದರು. ನಾನು ಚಹಾ ತರಿಸಿದೆ.

ಆಮೇಲೆ ನೀವು ಬಂದಿರಿ. ಹುಕ್ಕೇರಿಯಿಂದ ನೇರ ಬಂದಿದ್ದಿರಿ, ಕೂಸನ್ನು ಎತ್ತಿಕೊಂಡು ರಶೀದಾ ಜೊತೆಗಿದ್ದಳು. ಸೆರಗಿನ ಗಂಟು ಬಿಚ್ಚಿ ಅಷ್ಟೂ ಬಾಕಿ ಕೌಂಟರಿನ ಮೇಲಿಟ್ಟಿರಿ. ನಾನು ಫೈಲ್ ತೆರೆದು ತೋರಿಸಿದೆ; ನೋಟೀಸಿನ ಮೇಲಿದ್ದದ್ದು ನೀವು ಹುಕ್ಕೇರಿಗೆ ಹೋಗುವ ಮೊದಲಿನ ತಾರೀಖು. ನೀವು ಬಹಳ ಹೊತ್ತು ನೋಡಿದಿರಿ. ಆಮೇಲೆ ನಿಮ್ಮ ಎಡಗೈ ಹೆಬ್ಬೆರಳನ್ನು ಕಾಗದದ ಪಕ್ಕ ಇಟ್ಟಿರಿ. ಅದರ ನಡುವೆ ಅಡ್ಡಕ್ಕೆ ಒಂದು ಗಾಯದ ಗೆರೆ ಇತ್ತು — ಯಾವಾಗಲೋ ಕೌದಿಯ ಬಟ್ಟೆ ಕತ್ತರಿಸುವಾಗ ಆದದ್ದು.

"ಇದರಾಗ ನನ್ನ ಗಾಯ ಕಾಣವಲ್ದಲ್ರಿ ಬಾಯಾರ?"

ಮೊದಲನೆಯದು ಸೋಮಾರಿತನ, ಅಕ್ಕಾ. ಇದು ಅಲ್ಲ. ನಿಮ್ಮ ಕಣ್ಣು ನೋಡುತ್ತಲೇ ನಾನು ಹೇಳಿದೆ: "ಮಸಿ ಹೆಚ್ಚಾದ್ರ ಗಾಯ ಮುಚ್ಚತೈತ್ರಿ. ನೀವ ಒತ್ತೀರಿ, ಮರ್ತೀರಿ."

ರಶೀದಾ ಅಲ್ಲೇ ಅತ್ತಳು. "ಒತ್ತಿ ಬಂದು ನನ್ನ ಮುಂದ ಒಂದ ಮಾತ ಹೇಳಲಿಲ್ಲಲ್ಲಮ್ಮಾ ನೀನು!" ನೀವು ಮಗಳನ್ನು ನೋಡಿದಿರಿ, ನನ್ನನ್ನು ನೋಡಿದಿರಿ, ಕೊನೆಗೆ ನಿಮ್ಮ ಬೆರಳನ್ನು. "ಹಂಗಾರ ಮರ್ತಿರಬೇಕ್ರಿ" ಅಂದಿರಿ. ಯಾರ ಮೇಲೂ ಸಿಟ್ಟಿರಲಿಲ್ಲ ಆ ದನಿಯಲ್ಲಿ. ಮೆಟ್ಟಿಲ ಬಳಿ ಕೇಳಿದ್ದು ಇದೇ ದನಿ.

ಕೆಲಸ ಬಿಟ್ಟು ಈಗ ಮನೆಯಲ್ಲಿದ್ದೇನೆ. ಕುಕ್ಕರಿನ ಮೂರನೆಯ ಸೀಟಿ ಮುಗಿದ ಮೇಲೆ ಅಡುಗೆಮನೆಯಲ್ಲಿ ಒಂದು ನಿಶ್ಶಬ್ದ ಬರುತ್ತದಲ್ಲ — ಆಗ ಆ ದನಿ ಕೇಳಿಸುತ್ತದೆ. ಪ್ರತಿದಿನವಲ್ಲ. ಕೇಳಿಸದ ದಿನ ನಾನೇ ಕಾಯುತ್ತ ನಿಂತಿರುತ್ತೇನೆ.

ಎರಡು ವರ್ಷದ ಹಿಂದೆ ರೇಷನ್ ಅಂಗಡಿಯ ಯಂತ್ರ ನನ್ನ ಎಡಗೈ ಹೆಬ್ಬೆರಳನ್ನು ಒಪ್ಪಲಿಲ್ಲ. ಉಳಿದ ಬೆರಳು ನಡೆಯುತ್ತವೆ, ಅದೊಂದು ಇಲ್ಲ. "ಬಾಯಾರ, ನೀವ ಬ್ಯಾರೇ ಯಾರೋ ಅದೀರಂತ ನೋಡ್ರಿ ಮಷಿನ್ ಪ್ರಕಾರ" ಎಂದು ಅಂಗಡಿಯವನು ತಮಾಷೆ ಮಾಡಿದ. ಹಿಂದೆ ನಿಂತವಳು "ಭಾಂಡಿ ತಿಕ್ಕಿ ಗೆರಿ ಸವದಿರತಾವ ತಗೋರಿ" ಅಂದಳು. ಮನೆಗೆ ಬಂದು ಕಿಟಕಿಯ ಬೆಳಕಿನಲ್ಲಿ ನೋಡಿದೆ. ಗೆರೆ ಸವೆದಿರಲಿಲ್ಲ. ನಡುವೆ ಅಡ್ಡಕ್ಕೆ ಒಂದು ಹೊಸ ಗೆರೆ ಬಂದಿತ್ತು. ನಾನು ಕೊಯ್ದುಕೊಂಡಿಲ್ಲ, ಸುಟ್ಟುಕೊಂಡಿಲ್ಲ. ಔಷಧಿ ಅಂಗಡಿಯವರು ಚರ್ಮ ಒಡೆದಿದೆ ಎಂದು ಮುಲಾಮು ಕೊಟ್ಟರು. ಹಚ್ಚಿದೆ. ಗೆರೆ ಹೋಗಿಲ್ಲ, ನೋವೂ ಇಲ್ಲ.

ಆದರೂ ನಾನು ಸುಮ್ಮನಿದ್ದೆ. ಈ ಪತ್ರ ಬರೆಸಿದ್ದು ಆ ಗೆರೆಯಲ್ಲ.

ಹೋದ ತಿಂಗಳು ಕೊಣ್ಣೂರ ಬಸ್ ಸ್ಟ್ಯಾಂಡಿನಲ್ಲಿ ನಿಮ್ಮನ್ನು ಕಂಡೆ. ನಿಮ್ಮ ಸೆರಗಿನ ಅಂಚಿನ ತುಂಬ ಸಣ್ಣ ಸಣ್ಣ ಗಂಟುಗಳು. ಏನು ಎಂದು ಕೇಳಿದೆ. "ಮರೀತೇನ್ರಿ ಬಾಯಾರ. ಉಪ್ಪಿಗೊಂದ ಗಂಟ, ಗುಳಿಗಿಗೊಂದ ಗಂಟ. ಕಪಾಟಿನ ಕೀಲಿ ರಶೀದಾನ ಕಡೆ ಕೊಟ್ಟೇನಿ. ಆ ಸರದ ವ್ಯಾಳೇದಿಂದನ ನನ್ನ ತಲಿ ಹಿಂಗ." ಆಮೇಲೆ ದನಿ ತಗ್ಗಿಸಿ ಕೇಳಿದಿರಿ: "ನಿಮಗ ಏನರೆ ಕೊಡೂದ ಐತೇನ್ರಿ ನಾ? ಇದ್ರ ಹೇಳ್ರಿ, ನನಗ ನೆನಪಿರೂದುಲ್ಲ."

ನಿಮ್ಮ ಬಸ್ಸು ಬಂತು. ನಾನು ಇಲ್ಲ ಎಂದೂ ಹೇಳಲಿಲ್ಲ.

ಸರ ತಂದುಕೊಡಲು ನನ್ನಿಂದ ಆಗುವುದಿಲ್ಲ. ನನ್ನ ಎರಡು ಬಳೆ ತರುತ್ತೇನೆ. ಅವು ನಿಮ್ಮ ತಾಯಿಯ ಸರವಾಗುವುದಿಲ್ಲ ಎಂದು ಗೊತ್ತು. ಸಂಘಕ್ಕೆ ನನ್ನ ಹೆಸರು ಹಾಕಿ ನಿಜವನ್ನು ಬರೆದುಕೊಟ್ಟಿದ್ದೇನೆ, ಆ ನೋಟೀಸಿನ ಝೆರಾಕ್ಸ್ ಪಡೆದಿದ್ದೇನೆ. ಬರುವ ಶುಕ್ರವಾರ ಮಧ್ಯಾಹ್ನ ನಿಮ್ಮ ಮನೆಗೆ ಬರುತ್ತೇನೆ. ಬೀಗ ಇದ್ದರೆ ಹೊರಗೆ ಕಾಯುತ್ತೇನೆ, ನೀವು ಬಾರದಿದ್ದರೆ ಮತ್ತೊಂದು ದಿನ ಬರುತ್ತೇನೆ. ಈ ಪತ್ರವನ್ನು ಯಾರಿಂದಾದರೂ ಓದಿಸಿಕೊಂಡು ರಶೀದಾಳನ್ನೂ ಕರೆಸಿರಿ, ಅವಳ ಎದುರಿಗೇ ಆಗಬೇಕು. ಮಸಿಯ ಡಬ್ಬಿ ತರುತ್ತೇನೆ. ಒಂದು ಖಾಲಿ ಕಾಗದದ ಮೇಲೆ ಮೊದಲು ನೀವು ಒತ್ತಿರಿ, ಪಕ್ಕದಲ್ಲಿ ನಾನು ಒತ್ತುತ್ತೇನೆ. ನನ್ನ ಬೆರಳಿನಲ್ಲೂ ಈಗ ಗೆರೆ ಇದೆ, ನೋಟೀಸಿನ ಹೆಬ್ಬೆಟ್ಟಿನಲ್ಲಿ ಅದಿಲ್ಲ; ನಿಮಗೆ ಗೊಂದಲವಾದೀತು. ಹಾಗಾಗಿ ಆ ಝೆರಾಕ್ಸನ್ನೂ ಈ ಕಾಗದವನ್ನೂ ನೋಡುವ ಮೊದಲೇ, ಬಾಗಿಲಲ್ಲೇ ನಿಂತು, ರಶೀದಾಳಿಗೆ ಕೇಳುವಂತೆ ಹೇಳುತ್ತೇನೆ —

ನೀವು ಮರೆತಿರಲಿಲ್ಲ, ಅಕ್ಕಾ.